ಮರೀನ್ ಡ್ರೈವಿನ ಕಟ್ಟೆ ಮೇಲೆ ಮೂರು ದಿನ

"ಕಡಲ್ ಕಾಂಬುಕೆ ಬೊಂಬಾಯಿಗೆ ಹೋಪ್ದಾ?"

ಅಮ್ಮ ಕೇಳಿದ್ದರಲ್ಲಿ ತಪ್ಪಿರಲಿಲ್ಲ. ನಮ್ಮ ಮನೆ ಇರುವುದು ಮರವಂತೆ ಹತ್ತಿರ. ಒಂದು ಕಡೆ ಸೌಪರ್ಣಿಕಾ ಹೊಳೆ, ಇನ್ನೊಂದು ಕಡೆ ಕಡಲು, ನಡುವೆ ಹೆದ್ದಾರಿ. ದೂರದ ಊರಿನವರು ಅಲ್ಲಿ ಕಾರು ನಿಲ್ಲಿಸಿ ಫೋಟೊ ತೆಗೆಸಿಕೊಳ್ಳುತ್ತಾರೆ. ನಾವು ಬಸ್ಸಿನಲ್ಲಿ ಅದೇ ಜಾಗ ದಾಟುವಾಗ ಮೊಬೈಲ್ ನೋಡುತ್ತಿರುತ್ತೇವೆ. ಕಡಲು ಅಂದರೆ ನಮಗೆ ಮೀನು, ಮಳೆಗಾಲದ ರಾತ್ರಿಯ ಮೊರೆತ, ತುಕ್ಕು ಹಿಡಿದ ಕಿಟಕಿ ಸರಳು. ಅದರ ಮುಂದೆ ಸುಮ್ನೆ ಕೂತುಕೊಳ್ಳಲು ಯಾರಿಗೆ ಪುರುಸೊತ್ತಿದೆ?

ಆದರೆ ದೊಡ್ಡಮ್ಮನ ಮಗಳು ಬಿಡಬೇಕಲ್ಲ. ಅಕ್ಕನ ಮನೆ ಮುಂಬೈ ಆಚೆಯ ಡೊಂಬಿವಲಿಯಲ್ಲಿ, ಕೆಲಸ ಮರೀನ್ ಡ್ರೈವ್ ಅನ್ನುವ ಕಡಲಂಚಿನ ರಸ್ತೆಯ ತುದಿಗಿರುವ ನರಿಮನ್ ಪಾಯಿಂಟ್‌ನಲ್ಲಿ. ಮದುವೆಯಾಗಿ ಹೋದಾಗಿನಿಂದ ಕರೆಯುತ್ತಿದ್ದಾಳೆ. "ಬರುವುದಾದರೆ ಜುಲೈಯಲ್ಲಿ ಬಾ. ಮರೀನ್ ಡ್ರೈವ್ ನೋಡಬೇಕಾದ್ದೇ ಮಳೆಯಲ್ಲಿ" ಅಂದಳು. ಅವಳೂ ಎರಡು ದಿನ ರಜೆ ಹಾಕಿದಳು. ನಾನು ಮತ್ಸ್ಯಗಂಧ ರೈಲು ಹತ್ತಿದೆ.

ಮಳೆಗಾಲದಲ್ಲಿ ಕೊಂಕಣ ರೈಲ್ವೆಯ ವೇಳಾಪಟ್ಟಿಯೇ ಬೇರೆ. ಗುಡ್ಡ ಜರಿಯುವ ಭಯಕ್ಕೆ ಗಾಡಿ ನಿಧಾನ ಹೋಗುತ್ತದೆ. ಕಾರವಾರದವರೆಗೆ ಕಿಟಕಿ ತುಂಬ ಹಸಿರು, ಆಮೇಲೆ ಕತ್ತಲೆ, ಸುರಂಗ, ಮತ್ತೆ ಕತ್ತಲೆ. ಕಿಟಕಿ ಗಾಜು ಇಳಿಸಿದರೂ ನೀರು ಒಳಗೆ ಬರುತ್ತದೆ. ಚೀಲ ಸೀಟಿನ ಕೆಳಗೆ ಇಡುವವರು ಒಂದು ಪ್ಲಾಸ್ಟಿಕ್ ಚೀಲದೊಳಗೆ ಹಾಕಿ ಇಡಿ. ನನ್ನ ಎರಡು ಚೂಡಿದಾರ್ ಹಾಗೇ ಒದ್ದೆಯಾದವು.

ಮೊದಲ ದಿನ

ಬೆಳಿಗ್ಗೆ ಕುರ್ಲಾ ಟರ್ಮಿನಸ್‌ನಲ್ಲಿ ಇಳಿದು, ಪಕ್ಕದ ತಿಲಕ್ ನಗರ ಸ್ಟೇಷನ್‌ಗೆ ನಡೆದು, ಲೋಕಲ್ ಹಿಡಿದು ಸಿಎಸ್‌ಎಂಟಿ, ಅಂದರೆ ಹಳೇ ವಿಟಿ ಸ್ಟೇಷನ್ ತಲುಪಿದೆ. ಅಕ್ಕ ಅಲ್ಲೇ ಕಾಯುತ್ತಿದ್ದಳು. ಚರ್ಚ್‌ಗೇಟ್ ಹತ್ತಿರ ಒಂದು ಲಾಡ್ಜ್ ನೋಡಿಟ್ಟಿದ್ದಳು. "ಸಮುದ್ರ ಕಾಣುವ ರೂಮು" ಅಂತ ಅವರು ಫೋನಿನಲ್ಲಿ ಹೇಳಿದ್ದರಂತೆ. ರೂಮಿಗೆ ಕಿಟಕಿ ಇತ್ತು. ಕಿಟಕಿಯಾಚೆ ಪಕ್ಕದ ಕಟ್ಟಡದ ಗೋಡೆ ಇತ್ತು. ಗೋಡೆಗೂ ಕಿಟಕಿಗೂ ನಡುವೆ ಒಂದು ಪಾರಿವಾಳ ಸಂಸಾರ ಹೂಡಿತ್ತು. ಕೌಂಟರಿನ ಹುಡುಗನನ್ನು ಕೇಳಿದರೆ, ತಲೆ ಹೊರಗೆ ಹಾಕಿ ಎಡಕ್ಕೆ ಬಗ್ಗಿದರೆ ಕಾಣುತ್ತದೆ ಅಂದ. ಅಕ್ಕ ಬಗ್ಗಿ ನೋಡಿದಳು. "ಹೌದೇ, ಒಂದು ಬೆರಳಿನಷ್ಟು ಕಾಣ್ತದೆ" ಅಂದಳು. ನಾವಿಬ್ಬರೂ ನಕ್ಕು ಸುಮ್ಮನಾದೆವು. ಅಲ್ಲಿಂದ ಸಮುದ್ರಕ್ಕೆ ಐದೇ ನಿಮಿಷದ ದಾರಿ. ಆ ಭಾಗದಲ್ಲಿ ಸಮುದ್ರ ಕಾಣುವ ರೂಮಿಗೆ ಜಾಸ್ತಿ ದುಡ್ಡು ಸುರಿಯುವ ಬದಲು ಹೀಗೆ ಒಳಗಿನ ಬೀದಿಯಲ್ಲಿ ಉಳಿಯುವುದೇ ಜಾಣತನ ಅಂತ ಈಗ ಅನಿಸುತ್ತಿದೆ. ಆದರೆ ಹಣ ಕೊಡುವ ಮೊದಲು ಕಿಟಕಿ ತೆರೆದು ನೋಡಿ.

ನಾಲ್ಕು ಗಂಟೆಗೆ ಮಳೆ ಸ್ವಲ್ಪ ನಿಂತಿತು. ವೀರ್ ನರಿಮನ್ ರಸ್ತೆಯಲ್ಲಿ ಪಶ್ಚಿಮಕ್ಕೆ ನಡೆದೆವು. ದಾರಿಯಲ್ಲಿ ಬ್ರೆಬೋರ್ನ್ ಸ್ಟೇಡಿಯಂ ಸಿಗುತ್ತದೆ, 1937ರದ್ದು. ಅದರ ಕಟ್ಟಡದಲ್ಲೇ ಕೆ. ರುಸ್ತಮ್ ಅನ್ನುವ ಹಳೇ ಪಾರ್ಸಿ ಐಸ್‌ಕ್ರೀಂ ಅಂಗಡಿ. ಕಪ್ಪಿಲ್ಲ, ಕೋನಿಲ್ಲ. ದಪ್ಪ ಐಸ್‌ಕ್ರೀಂ ತುಂಡನ್ನು ಎರಡು ತೆಳು ಬಿಸ್ಕತ್ತಿನ ನಡುವೆ ಇಟ್ಟು, ಕಾಗದದಲ್ಲಿ ಹಿಡಿದು ಕೊಡುತ್ತಾರೆ. ಬೇಗ ತಿನ್ನಬೇಕು. ನಾನು ಫೋಟೊ ತೆಗೆಯಲು ಹೋಗಿ ಮೊಣಕೈವರೆಗೆ ಇಳಿಸಿಕೊಂಡೆ.

ರಸ್ತೆ ಮುಗಿಯುವಲ್ಲಿ ಕಟ್ಟಡಗಳು ತಟ್ಟನೆ ಬಿಟ್ಟುಕೊಡುತ್ತವೆ. ಎದುರಿಗೆ ಬೂದಿ ಬಣ್ಣದ ಆಕಾಶ, ಅದೇ ಬಣ್ಣದ ನೀರು. ಎಲ್ಲಿ ಒಂದು ಮುಗಿದು ಇನ್ನೊಂದು ಶುರುವಾಗುತ್ತದೆ ಅಂತ ಗೊತ್ತಾಗುವುದಿಲ್ಲ. ನಡುವೆ ಅಗಲವಾದ ರಸ್ತೆ, ಬಿಡುವಿಲ್ಲದ ಕಾರುಗಳು. ಸಿಗ್ನಲ್ ಬಿದ್ದಾಗ ಮಾತ್ರ ದಾಟಬೇಕು. ಆಚೆ ದಾಟಿದರೆ ಅಗಲದ ಕಾಲುದಾರಿ, ಅದರ ಅಂಚಿಗೆ ಉದ್ದಕ್ಕೂ ತಗ್ಗು ಕಟ್ಟೆ. ಇಷ್ಟೇ ಮರೀನ್ ಡ್ರೈವ್. ಕಾಗದದ ಮೇಲೆ ನೇತಾಜಿ ಸುಭಾಷ್‌ಚಂದ್ರ ಬೋಸ್ ರಸ್ತೆ. ಆ ಹೆಸರು ಹೇಳಿದರೆ ಟ್ಯಾಕ್ಸಿಯವನು ಎರಡು ಸಲ ಯೋಚಿಸುತ್ತಾನೆ.

ಮೊದಲ ನೋಟಕ್ಕೆ ನನಗೆ ಸ್ವಲ್ಪ ನಿರಾಸೆಯೇ ಆಯಿತು. ನಿಜ ಹೇಳಬೇಕು ತಾನೇ? ಮರಳಿಲ್ಲ. ದೋಣಿಯಿಲ್ಲ. ಕಟ್ಟೆಯಿಂದ ಕೆಳಗೆ ಬಗ್ಗಿದರೆ ನಾಲ್ಕು ಕಾಲಿನ ದೈತ್ಯ ಕಾಂಕ್ರೀಟ್ ತುಂಡುಗಳ ರಾಶಿ. ಟೆಟ್ರಾಪಾಡ್ ಅನ್ನುತ್ತಾರೆ. 1950ರಲ್ಲಿ ಫ್ರಾನ್ಸಿನವರು ಕಂಡುಹಿಡಿದದ್ದು. ಒಂದರ ಕಾಲು ಇನ್ನೊಂದರ ಸಂದಿಗೆ ಸಿಕ್ಕಿಕೊಳ್ಳುತ್ತದೆ, ಹಾಗಾಗಿ ಅಲೆ ಎಷ್ಟು ಗುದ್ದಿದರೂ ಜರುಗುವುದಿಲ್ಲ. ನೀರು ಸಂದಿಗಳಲ್ಲಿ ನುಗ್ಗಿ, ಸುತ್ತಿ, ದಣಿದು ವಾಪಸಾಗುತ್ತದೆ. ನಮ್ಮೂರಲ್ಲಿ ಪ್ರತಿ ಮಳೆಗಾಲ ಕಡಲ್ಕೊರೆತ ಶುರುವಾದ ಮೇಲೆ ಲಾರಿಯಲ್ಲಿ ಕಲ್ಲು ತಂದು ಸುರಿಯುತ್ತಾರಲ್ಲ, ಅದೇ ಕೆಲಸ. ಇಲ್ಲಿ ಮೊದಲೇ ಮಾಡಿಟ್ಟಿದ್ದಾರೆ. ಸಂದಿಗಳಲ್ಲಿ ಏಡಿ, ಹೆಗ್ಗಣ, ಬೆಕ್ಕು ಎಲ್ಲವೂ ಇವೆ. ಅದರ ಮೇಲೆ ಇಳಿದು ಸೆಲ್ಫಿ ತೆಗೆಯುವ ಹುಡುಗರೂ ಇದ್ದಾರೆ. ಪಾಚಿ ಕಟ್ಟಿ ಎಣ್ಣೆ ಸುರಿದ ಹಾಗೆ ಜಾರುತ್ತದೆ. ಕಾಲು ಸಿಕ್ಕಿಕೊಂಡರೆ ಎತ್ತುವುದೂ ಕಷ್ಟ. ಇಳಿಯಬೇಡಿ.

ಎಡಕ್ಕೆ, ನರಿಮನ್ ಪಾಯಿಂಟ್ ಕಡೆ ನಡೆದೆವು. ಅಕ್ಕ ತನ್ನ ಆಫೀಸು ಇರುವ ಕಟ್ಟಡ ತೋರಿಸಿದಳು. "ಇದೆಲ್ಲ ಮೊದಲು ನೀರು. ನಾನು ಕೂರುವ ಕುರ್ಚಿ ಸಮೇತ" ಅಂದಳು.

ಆ ಕಥೆ ನನಗೆ ಬಹಳ ಇಷ್ಟವಾಯಿತು. ಬ್ಯಾಕ್ ಬೇ ಅನ್ನುವ ಈ ಕೊಲ್ಲಿಗೆ ಮಣ್ಣು ತುಂಬಿ ನೆಲ ಮಾಡುವ ದೊಡ್ಡ ಯೋಜನೆಯನ್ನು 1920ರ ದಶಕದಲ್ಲಿ ಗವರ್ನರ್ ಜಾರ್ಜ್ ಲಾಯ್ಡ್ ಕೈಗೆತ್ತಿಕೊಂಡಿದ್ದ. ದುಡ್ಡು ನೀರಿನ ಹಾಗೆ ಹೋಯಿತು, ನೆಲ ಮಾತ್ರ ಬೇಗ ಏಳಲಿಲ್ಲ. ಜನ ಅದಕ್ಕೆ 'ಲಾಯ್ಡನ ಹುಚ್ಚಾಟ' ಅಂತ ಹೆಸರಿಟ್ಟರು. ಖುರ್ಷೇದ್ ಫ್ರಾಮ್‌ಜಿ ನರಿಮನ್ ಅನ್ನುವ ಪಾರ್ಸಿ ವಕೀಲರು ಇದರ ಒಳಗಿನ ಅವ್ಯವಹಾರವನ್ನು ಬಯಲಿಗೆಳೆದರು. ಹಾರ್ವೆ ಅನ್ನುವ ಇಂಗ್ಲಿಷ್ ಇಂಜಿನಿಯರ್ ಇವರ ಮೇಲೆ ಮಾನನಷ್ಟದ ಕೇಸು ಹಾಕಿದ, ನರಿಮನ್ ಗೆದ್ದರು. ಮುಂದೆ ಅವರು ಊರಿನ ಮೇಯರೂ ಆದರು. ಸ್ವಾತಂತ್ರ್ಯ ಬಂದ ಮೇಲೆ ಮತ್ತೆ ಅದೇ ಕೊಲ್ಲಿಗೆ ಮಣ್ಣು ತುಂಬಿದರು. 1970ರ ದಶಕದಲ್ಲಿ ಅದರ ಮೇಲೆ ಏರ್ ಇಂಡಿಯಾ ಕಟ್ಟಡದಂಥ ಗೋಪುರಗಳು ಎದ್ದವು. ಹಾಗೆ ತುಂಬಿಸಿದ ನೆಲಕ್ಕೆ ಯಾರ ಹೆಸರಿಟ್ಟರು? ನೆಲ ತುಂಬುವುದರಲ್ಲಿ ಕಳ್ಳತನ ಹಿಡಿದವರ ಹೆಸರು. ನಗಬೇಕೋ ಏನೋ ಗೊತ್ತಾಗುವುದಿಲ್ಲ.

ಸೂರ್ಯಾಸ್ತ ನೋಡುವ ಆಸೆ ಇಟ್ಟುಕೊಂಡು ಜುಲೈಯಲ್ಲಿ ಬರಬೇಡಿ. ಸೂರ್ಯ ಎಲ್ಲಿದ್ದನೋ ಅಲ್ಲೇ ಮುಳುಗಿದ. ಏಳು ದಾಟಿದ ಮೇಲೆ ದೀಪ ಹತ್ತಿದವು. ರಾಣಿಯ ಕಂಠೀಹಾರ ಅಂತ ಪ್ರಸಿದ್ಧವಾದದ್ದು ಈ ದೀಪಗಳ ಸಾಲು. ರಸ್ತೆ ಇಂಗ್ಲಿಷಿನ ಸಿ ಅಕ್ಷರದ ಹಾಗೆ ಬಾಗಿರುವುದರಿಂದ ದೀಪಗಳು ಪೋಣಿಸಿದ ಮಣಿಯ ಹಾಗೆ ಕಾಣುತ್ತವೆ. ಆದರೆ ನಡುವೆ ನಿಂತರೆ ತಲೆ ಮೇಲೆ ಒಂದು ದೀಪದ ಕಂಬ ಅಷ್ಟೆ. ಹಾರ ಹಾಕಿಕೊಂಡವಳಿಗೆ ಹಾರ ಕಾಣುತ್ತದಾ? ನರಿಮನ್ ಪಾಯಿಂಟ್ ತುದಿಯಲ್ಲಿ ನಿಲ್ಲಬೇಕು, ಇಲ್ಲವೇ ಮಲಬಾರ್ ಹಿಲ್ ಹತ್ತಬೇಕು. ಕೆಲವು ವರ್ಷಗಳ ಹಿಂದೆ ಹಳದಿ ದೀಪ ತೆಗೆದು ಬಿಳಿ ಎಲ್‌ಇಡಿ ಹಾಕಿದಾಗ ಊರಿನವರು ಗಲಾಟೆ ಮಾಡಿ ಹಳದಿ ಬಣ್ಣ ವಾಪಸ್ ತರಿಸಿಕೊಂಡರಂತೆ. ದೀಪದ ಬಣ್ಣಕ್ಕೆ ಜಗಳವಾಡುವ ಊರು ನನಗೆ ಹಿಡಿಸಿತು.

ಎರಡನೇ ದಿನ

ಬೆಳಿಗ್ಗೆ ಆರಕ್ಕೇ ಎದ್ದು ಹೋದೆವು. ಆ ಹೊತ್ತಿನ ಮರೀನ್ ಡ್ರೈವ್ ಬೇರೆಯೇ. ರೇನ್‌ಕೋಟ್ ಹಾಕಿ ಓಡುವವರು, ಕೊಡೆ ಹಿಡಿದು ಓಡುವವರು, ನೆನೆಯುತ್ತಲೇ ಓಡುವವರು. ಒಬ್ಬ ಅಜ್ಜ ಕಟ್ಟೆಯ ಮೇಲೆ ನಿಂತು ಜೋರಾಗಿ ನಗುತ್ತಿದ್ದರು, ವ್ಯಾಯಾಮಕ್ಕೆ. ಬೆನ್ನಿಗೆ ಕಾರಿನ ಗದ್ದಲ ಇನ್ನೂ ಶುರುವಾಗಿರಲಿಲ್ಲ. ಹಾಗಾಗಿ ಆಗ ಮಾತ್ರ ರಸ್ತೆಯ ಇನ್ನೊಂದು ಬದಿಯನ್ನು ನಿಂತು ನೋಡಬಹುದು.

ಆ ಬದಿಯ ಮನೆಗಳನ್ನು ನೋಡದೆ ಬರುವವರೇ ಜಾಸ್ತಿ. ಎಲ್ಲರೂ ಅವುಗಳಿಗೆ ಬೆನ್ನು ಹಾಕಿ ಕೂತಿರುತ್ತಾರಲ್ಲ. 1930, 40ರ ದಶಕಗಳಲ್ಲಿ ಕಟ್ಟಿದ, ಆರ್ಟ್ ಡೆಕೊ ಅನ್ನುವ ಶೈಲಿಯ ಕಟ್ಟಡಗಳು. ಹೆಚ್ಚುಕಡಿಮೆ ಒಂದೇ ಎತ್ತರ, ಒಂದರ ಭುಜಕ್ಕೆ ಒಂದು ಭುಜ ಕೊಟ್ಟು ನಿಂತಿವೆ. ಮೂಲೆಗಳು ಚೂಪಾಗಿಲ್ಲ, ಸೋಪಿನ ಹಾಗೆ ಸವೆದು ದುಂಡಗಾಗಿವೆ. ಕಿಟಕಿಯ ಮೇಲೆ ಹುಬ್ಬಿನ ಹಾಗೆ ಒಂದು ಸಜ್ಜೆ. ಬಾಲ್ಕನಿಯ ಕಂಬಿ ಹಡಗಿನ ಡೆಕ್ಕಿನಲ್ಲಿ ಇರುವಂಥದ್ದು. ಸಮುದ್ರದ ಮುಂದೆ ಮನೆ ಕಟ್ಟುವಾಗ ಹಡಗೇ ಕಟ್ಟಿಬಿಡೋಣ ಅಂತ ಅಂದುಕೊಂಡರೋ ಏನೋ. ಒಳಗೆ ಓವಲ್ ಮೈದಾನದ ಒಂದು ಬದಿಯಲ್ಲೂ ಇದೇ ಜಾತಿಯ ಕಟ್ಟಡಗಳಿವೆ, ಅದರ ಎದುರು ಬದಿಯಲ್ಲಿ ಹೈಕೋರ್ಟು, ರಾಜಾಬಾಯಿ ಗೋಪುರದಂಥ ವಿಕ್ಟೋರಿಯನ್ ಗಾಥಿಕ್ ಶೈಲಿಯ ಹಳೇ ಕಟ್ಟಡಗಳು. ಎರಡೂ ಸೇರಿ 94 ಕಟ್ಟಡಗಳನ್ನು ಯುನೆಸ್ಕೊ 2018ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಮರೀನ್ ಡ್ರೈವಿನ ಮೊದಲ ಸಾಲು ಅದರಲ್ಲಿದೆ.

ಒಂದು ಗೇಟಿನ ಮುಂದೆ ನಿಂತು ತಲೆಯೆತ್ತಿ ನೋಡುತ್ತಿದ್ದೆ. ಎರಡನೇ ಮಹಡಿಯ ಬಾಲ್ಕನಿಗೆ ನೀಲಿ ಟಾರ್ಪಾಲ್ ಕಟ್ಟಿದ್ದರು. ಮಳೆ ಗಾಳಿ ನೇರ ಮುಖಕ್ಕೇ ಬಡಿಯುತ್ತದೆ. ವಾಚ್‌ಮನ್ ಬಂದ. ಬೈಯುತ್ತಾನೆ ಅಂದುಕೊಂಡೆ. ಅವನೂ ನನ್ನ ಪಕ್ಕ ನಿಂತು ತಲೆಯೆತ್ತಿದ. "ಪ್ರತಿ ದೀಪಾವಳಿಗೆ ಕಂಬಿಗೆ ಪೇಂಟ್ ಹೊಡೀತಾರೆ, ಹೋಳಿ ಹೊತ್ತಿಗೆ ತುಕ್ಕು ವಾಪಸ್" ಅಂದ ಹಿಂದಿಯಲ್ಲಿ. ನಮ್ಮ ಅಡುಗೆಮನೆ ಕಿಟಕಿ ನೆನಪಾಯಿತು. ಕೋಟಿಗಟ್ಟಲೆ ಬೆಲೆಯ ಮನೆಗೂ ನಮ್ಮ ಹಂಚಿನ ಮನೆಗೂ ಉಪ್ಪುಗಾಳಿ ಒಂದೇ ಲೆಕ್ಕ ಹಾಕುತ್ತದೆ ಅಂತ ಸ್ವಲ್ಪ ಸಮಾಧಾನವೂ ಆಯಿತು, ಸುಳ್ಳೇಕೆ ಹೇಳಲಿ.

ಅವತ್ತು ಅಮಾವಾಸ್ಯೆಯ ಮಾರನೇ ದಿನ. ಇದು ಮುಖ್ಯ. ಮುಂಬೈಯಲ್ಲಿ ಹುಣ್ಣಿಮೆ, ಅಮಾವಾಸ್ಯೆ ಆಸುಪಾಸಿನ ದೊಡ್ಡ ಉಬ್ಬರ ಬರುವುದು ಮಧ್ಯಾಹ್ನ ಹನ್ನೆರಡು, ಒಂದರ ಹೊತ್ತಿಗೆ. ಮಳೆಗಾಲದಲ್ಲಿ ಉಬ್ಬರ ನಾಲ್ಕೂವರೆ ಮೀಟರ್ ದಾಟುವ ದಿನಗಳ ಪಟ್ಟಿಯನ್ನು ಮಹಾನಗರ ಪಾಲಿಕೆ ಮೊದಲೇ ಹೊರಡಿಸುತ್ತದೆ, ಪತ್ರಿಕೆಗಳಲ್ಲೂ ಬರುತ್ತದೆ. ಅಲೆ ಕಟ್ಟೆ ಹಾರಿ ಬರುವುದನ್ನು ನೋಡಬೇಕಾದರೆ ಆ ಪಟ್ಟಿ ನೋಡಿಕೊಂಡು ದಿನ ಆರಿಸಬೇಕು. ಬೇರೆ ದಿನ ಬಂದರೆ ಬರೀ ಮಳೆ ಸಿಗುತ್ತದೆ.

ಹನ್ನೆರಡಕ್ಕೆ ನಾವು ಮತ್ತೆ ಹಾಜರು. ಅಕ್ಕ ಒಂದೇ ಮಾತು ಹೇಳಿದಳು: "ನೆಲ ಒದ್ದೆ ಇರುವಲ್ಲಿ ನಿಲ್ಲಬೇಡ." ನನಗೆ ನಗು ಬಂತು. ಮಳೆಗಾಲದಲ್ಲಿ ನೆಲ ಎಲ್ಲ ಕಡೆ ಒದ್ದೆಯೇ ಅಲ್ವಾ? ಅವಳು ಹೇಳಿದ್ದು ಬೇರೆ. ಅಲೆಯ ನೀರು ಬಿದ್ದ ಕಡೆ ಕಸ, ಮರಳು ಇರುತ್ತದೆ, ಒಮ್ಮೆ ಬಿದ್ದ ಕಡೆಗೇ ಮತ್ತೆ ಬೀಳುತ್ತದೆ. ಹತ್ತು ವರ್ಷ ನೋಡಿದವಳ ಮಾತು. ನಾನು ಕಡಲ ತಡಿಯಲ್ಲಿ ಹುಟ್ಟಿದವಳು, ನನಗೆ ಇವಳು ಹೇಳಿಕೊಡುವುದೇ ಅಂತ ಇನ್ನೂ ಎರಡು ಹೆಜ್ಜೆ ಮುಂದೆ ಹೋದೆ.

ಊರಿನ ಅಲೆ ದೂರದಿಂದ ಬರುತ್ತದೆ. ಎದ್ದು, ಮಗುಚಿ, ಮರಳಿನ ಮೇಲೆ ಓಡಿ ಬಂದು ಕಾಲು ಮುಟ್ಟುತ್ತದೆ. ನಮಗೆ ಓಡಲು ಸಮಯ ಇರುತ್ತದೆ. ಇಲ್ಲಿ ಅಲೆ ಬರುವುದು ಕಾಣುವುದೇ ಇಲ್ಲ. ಕಟ್ಟೆಯ ಕೆಳಗೆ ಧಡ್ ಅಂತ ಒಂದು ಸದ್ದು. ಕಾಲಡಿಯ ನೆಲ ಅದುರುತ್ತದೆ. ಒಂದು ಕ್ಷಣ ಏನೂ ಇಲ್ಲ. ಆಮೇಲೆ ನೀರು ನೆಲದಿಂದ ಎದ್ದ ಹಾಗೆ ನೆಟ್ಟಗೆ ಮೇಲಕ್ಕೆ ಹೋಗುತ್ತದೆ, ದೀಪದ ಕಂಬದ ಅರ್ಧದವರೆಗೆ. ಬಿಳಿ ಗೋಡೆ. ಅಲ್ಲೇ ಸ್ವಲ್ಪ ನಿಂತು ಯೋಚಿಸಿದ ಹಾಗೆ ಮಾಡಿ, ಪೂರ್ತಿಯಾಗಿ ನಮ್ಮ ಮೇಲೆ ಬೀಳುತ್ತದೆ. ಒಂದು ಬಿಂದಿಗೆ ಅಲ್ಲ, ಒಂದು ಬಾವಿ ನೀರು ತಲೆ ಮೇಲೆ ಕವುಚಿದ ಹಾಗೆ. ನನ್ನ ಕೊಡೆ ಮೇಲ್ಮುಖವಾಗಿ ಅರಳಿತು. ಅದನ್ನು ಸರಿಮಾಡಲು ಹೋದೆ, ಎರಡನೇ ಅಲೆ ಕಸಿದುಕೊಂಡೇ ಹೋಯಿತು. ಕಟ್ಟೆ ಹಾರಿ ಟೆಟ್ರಾಪಾಡ್ ಸಂದಿಗೆ ಬಿತ್ತು. ಕಣ್ಣೊರೆಸಿಕೊಂಡು ನೋಡಿದರೆ ನನ್ನ ಹೆಗಲ ಮೇಲೆ ಹಾಲಿನ ಖಾಲಿ ಪ್ಯಾಕೆಟ್ ಕೂತಿತ್ತು. ಕಾಲ ಹತ್ತಿರ ಯಾರದೋ ಎಡಗಾಲಿನ ಚಪ್ಪಲಿ, ಥರ್ಮೋಕೋಲ್ ಚೂರುಗಳು. ಪೊಲೀಸ್ ಒಬ್ಬರು ಸೀಟಿ ಊದುತ್ತ ಬಂದು ಎಲ್ಲರನ್ನೂ ಹಿಂದೆ ಸರಿಸಿದರು. ಅಕ್ಕ ಒಣಗಿದ ಜಾಗದಲ್ಲಿ ನಿಂತು ವಿಡಿಯೊ ಮಾಡುತ್ತಿದ್ದಳು. ಆ ವಿಡಿಯೊ ನಮ್ಮ ಮನೆಯವರ ಗ್ರೂಪಿನಲ್ಲಿ ಈಗಲೂ ಓಡಾಡುತ್ತಿದೆ.

ಉಬ್ಬರ ಇಳಿದ ಮೇಲೆ ಪಾಲಿಕೆಯ ಪೌರಕಾರ್ಮಿಕರು ಬಂದರು. ಸಮುದ್ರ ಎಸೆದ ಕಸವನ್ನು ಸಲಿಕೆಯಿಂದ ಎತ್ತಿ ತುಂಬತೊಡಗಿದರು. ನನ್ನ ಕೊಡೆಯ ಬಗ್ಗೆ ಕೇಳಿದೆ. ಅವರಲ್ಲಿ ಒಬ್ಬಾಕೆ ನಕ್ಕು, "ಆಜ್ ನಹೀಂ ತೋ ಕಲ್ ವಾಪಸ್ ಕರೇಗಾ" ಅಂದಳು, ಇವತ್ತಲ್ಲದಿದ್ದರೆ ನಾಳೆ ವಾಪಸ್ ಕೊಡುತ್ತದೆ ಅಂತ. ಸಮುದ್ರದ ಬಗ್ಗೆ ಅಷ್ಟು ಭರವಸೆ ನನಗಿರಲಿಲ್ಲ. ಹೊಸ ಕೊಡೆ ಕೊಂಡೆ.

ಒದ್ದೆ ಬಟ್ಟೆ ಬದಲಿಸಿ ಊಟಕ್ಕೆ ಹೊರಟಾಗ ಮೂರು ಗಂಟೆ. ಫೋರ್ಟ್ ಕಡೆ ಒಳ ಬೀದಿಯಲ್ಲಿ ಒಂದು ಹಳೇ ಉಡುಪಿ ಹೋಟೆಲ್. ಊಟ ಮುಗಿದಿತ್ತು. ಮೈಸೂರು ಮಸಾಲೆ ಹೇಳಿದೆ. ಬಂದದ್ದನ್ನು ಮೈಸೂರಿನವರು ನೋಡಿದರೆ ಅಳುತ್ತಾರೆ. ಒಳಗೆ ಬೀಟ್‌ರೂಟ್ ಹಾಕಿದ ಪಾವ್‌ಭಾಜಿಯಂಥ ಪಲ್ಯ, ಮೇಲೆ ಅರ್ಧ ಮುಷ್ಟಿ ಬೆಣ್ಣೆ. ಸಾಂಬಾರು ಸಿಹಿ. ಆದರೆ ಹಸಿದಿದ್ದೆ, ಎರಡು ತಿಂದೆ. ಬನ್ಸ್ ಮಾತ್ರ ಅಪ್ಪಟ ಊರಿನದೇ.

ಗಲ್ಲಾದಲ್ಲಿ ಕೂತಿದ್ದ ಹಿರಿಯರು ನಮ್ಮ ಮಾತು ಕೇಳಿಸಿಕೊಂಡಿದ್ದರು. "ಊರು ಓಲು?" ಅಂತ ತುಳುವಿನಲ್ಲಿ ಕೇಳಿದರು. ಕುಂದಾಪುರದ ಕಡೆ ಅಂದೆ. "ಓ, ಹಾಗಾದ್ರೆ ತುಳು ಬರೂದಿಲ್ಲ. ಬ್ಯಾಡ, ಕನ್ನಡದಲ್ಲೇ ಮಾತಾಡುವ" ಅಂದರು. ಕಾರ್ಕಳದ ಹತ್ತಿರದವರು. ಬಂದದ್ದು 1974ರಲ್ಲಿ, ಹದಿಮೂರು ವರ್ಷಕ್ಕೆ. ಆಗ ಕೊಂಕಣ ರೈಲು ಎಲ್ಲಿತ್ತು? ಅದು ಪೂರ್ತಿ ಆದದ್ದೇ 1998ರಲ್ಲಿ. ಬಸ್ಸಿನಲ್ಲಿ ಬಂದು ಇಳಿದ ಮಾರನೇ ದಿನವೇ ಲೋಟ ತೊಳೆಯುವ ಕೆಲಸ. ಸಂಜೆ ಕನ್ನಡದ ರಾತ್ರಿ ಶಾಲೆ. ಹೋಟೆಲ್ ಹುಡುಗರು ಎಷ್ಟೋ ಜನ ಹಾಗೇ ಮೆಟ್ರಿಕ್ ಪಾಸು ಮಾಡಿದ್ದು ಅಂದರು.

ನಾನು ಮರೀನ್ ಡ್ರೈವ್ ನೋಡಲು ಬಂದಿದ್ದೇನೆ ಅಂದೆ. ಅವರು ಚಿಲ್ಲರೆ ಎಣಿಸುವುದು ನಿಲ್ಲಿಸಿದರು.

"ನಾವು ಹುಡುಗರು ದಿನಾ ರಾತ್ರಿ ಹೋಗ್ತಾ ಇದ್ದದ್ದು. ಸಮುದ್ರ ನೋಡ್ಲಿಕ್ಕೆ ಅಲ್ಲ ಮಾರಾಯ್ರೆ. ಹೋಟ್ಲು ಬಂದ್ ಆಗೂದು ಹನ್ನೊಂದಕ್ಕೆ. ಆಮೇಲೆ ನೆಲ ತೊಳೀಬೇಕು. ನಾವು ಮಲಗೂದು ಅದೇ ನೆಲದಲ್ಲಿ, ಬೆಂಚು ಬದಿಗೆ ಸರಿಸಿ. ನೆಲ ಒಣಗೂದು ಬ್ಯಾಡ್ವಾ? ಮಳೆಗಾಲದಲ್ಲಿ ಒಂದು, ಒಂದೂವರೆ ಗಂಟೆ ಬೇಕು. ಅಷ್ಟು ಹೊತ್ತು ಎಲ್ಲಿ ಹೋಗೂದು? ಅಲ್ಲಿ ಕಟ್ಟೆ ಉಂಟು, ದುಡ್ಡು ಕೊಡ್ಲಿಕ್ಕಿಲ್ಲ. ಹೋಗಿ ಕೂತ್ಕೊಳ್ಳೂದು."

ಈಗಲೂ ಹೋಗುತ್ತೀರಾ ಅಂತ ಕೇಳಿದೆ.

"ಇಲ್ಲ. ಕಟ್ಟೆ ತಗ್ಗು. ಕೂತ್ರೆ ಏಳ್ಲಿಕ್ಕೆ ಆಗೂದಿಲ್ಲ" ಅಂತ ಮೊಣಕಾಲು ಮುಟ್ಟಿ ತೋರಿಸಿದರು. ಚಹಾಕ್ಕೆ ದುಡ್ಡು ತೆಗೆದುಕೊಳ್ಳಲಿಲ್ಲ.

ಅವತ್ತು ರಾತ್ರಿ ಹನ್ನೊಂದಕ್ಕೆ ನಾವು ಬೇಕೆಂದೇ ಹೋಗಿ ಕೂತೆವು. ಮಳೆ ಹನಿಯುತ್ತಿತ್ತು. ಆ ಹೊತ್ತಿನಲ್ಲೂ ಕಟ್ಟೆ ತುಂಬ ಜನ, ಹೆಂಗಸರೂ ಸಾಕಷ್ಟು. ಸೈಕಲ್ ಮೇಲೆ ಚಹಾದ ಕ್ಯಾನ್ ಕಟ್ಟಿಕೊಂಡವನು ಬಂದು ಕಟಿಂಗ್, ಅಂದರೆ ಅರ್ಧ ಲೋಟ ಚಹಾ ಕೊಟ್ಟ. ಕೆಂಡದ ಮೇಲೆ ಸುಟ್ಟ ಜೋಳಕ್ಕೆ ನಿಂಬೆ, ಉಪ್ಪು, ಖಾರ ತಿಕ್ಕಿಸಿಕೊಂಡು ತಿಂದೆವು. ಹೋಟೆಲಿನವರ ಮಾತು ತಲೆಯಲ್ಲಿ ಇದ್ದದ್ದಕ್ಕೋ ಏನೋ, ನಾನು ಸಮುದ್ರ ಬಿಟ್ಟು ಜನರನ್ನು ನೋಡತೊಡಗಿದೆ. ಒಂದೇ ರೇನ್‌ಕೋಟಿನೊಳಗೆ ಇಬ್ಬರು. ಟಿಫಿನ್ ಡಬ್ಬಿ ತೆಗೆದು ಒಬ್ಬಳೇ ಊಟ ಮಾಡುತ್ತಿದ್ದ, ಯೂನಿಫಾರ್ಮ್ ಮೇಲೆ ಜರ್ಕಿನ್ ಹಾಕಿದ್ದ ಹುಡುಗಿ. ವಿಡಿಯೊ ಕಾಲಿನಲ್ಲಿ ಮಗುವಿಗೆ ಮುತ್ತು ಕೊಡುತ್ತಿದ್ದ ಡ್ರೈವರ್. ಸುಮ್ಮನೆ ಕೂತ ಒಬ್ಬ ಗಂಡಸು, ಅವನ ಪಕ್ಕದಲ್ಲಿ ಬಿಚ್ಚಿಟ್ಟ ಬೂಟು. ನೀರಿನ ಕಡೆ ನೋಡುತ್ತಿದ್ದವರು ಕಡಿಮೆ.

"ನಾನೂ ಇಲ್ಲೇ ಕೂರುವುದು" ಅಂದಳು ಅಕ್ಕ. "ಆಫೀಸು ಬಿಟ್ಟ ಮೇಲೆ. ಸಿಎಸ್‌ಎಂಟಿಯಿಂದ ಸಿಗಬಹುದಾದ ಒಂದು ಲೋಕಲ್ ಬಿಟ್ಟು ಮುಂದಿನದಕ್ಕೆ ಹೋಗುವುದು. ಮನೆಯಲ್ಲಿ ಆರು ಜನ, ಒಂದು ರೂಮು, ಒಂದು ಕಿಚನ್. ಅಮ್ಮನ ಹತ್ರ ಫೋನಿನಲ್ಲಿ ಏನಾದ್ರೂ ಹೇಳಬೇಕಾದರೆ ಎಲ್ಲಿ ಹೇಳಲಿ?"

ನನಗೆ ಥಟ್ಟನೆ ಹೊಳೆಯಿತು. ದೊಡ್ಡಮ್ಮನಿಗೆ ಅಕ್ಕನ ಫೋನ್ ಬಂದಾಗೆಲ್ಲ ಹಿಂದೆ ಬುರ್ ಅಂತ ಒಂದು ಸದ್ದು. ದೊಡ್ಡಮ್ಮ ಪ್ರತಿ ಸಲ ಬೈಯುತ್ತಾರೆ: "ಫ್ಯಾನ್ ಬಂದ್ ಮಾಡ್ ಮಾರಾಯ್ತಿ, ಎಂತ ಕೇಂತಿಲ್ಲೆ." ಅಕ್ಕ ಆಯ್ತಮ್ಮ ಅನ್ನುತ್ತಾಳೆ. ಹತ್ತು ವರ್ಷದಿಂದ ಆ ಫ್ಯಾನ್ ಬಂದ್ ಆಗಿಲ್ಲ.

"ಅಮ್ಮನಿಗೆ ಹೇಳಬೇಡ" ಅಂದಳು. ದೊಡ್ಡಮ್ಮ ಇದನ್ನೆಲ್ಲ ಓದುವುದಿಲ್ಲ, ಹಾಗಾಗಿ ಬರೆಯುತ್ತಿದ್ದೇನೆ.

ಮೂರನೇ ದಿನ

ಕೊನೆಯ ದಿನ ಉತ್ತರಕ್ಕೆ ನಡೆದೆವು, ಗಿರ್‌ಗಾಂವ್ ಚೌಪಾಟಿ ಕಡೆ. ಮೂರೂವರೆ ಕಿಲೋಮೀಟರ್ ಆಸುಪಾಸಿನ ರಸ್ತೆ, ತುದಿಯಿಂದ ತುದಿಗೆ ನಿಧಾನವಾಗಿ ಒಂದು ಗಂಟೆ. ಒಳಗೆ ವಾಂಖೆಡೆ ಸ್ಟೇಡಿಯಂ. 2011ರ ವಿಶ್ವಕಪ್ ಫೈನಲ್ ಅಲ್ಲೇ ನಡೆದದ್ದು. 2024ರ ಜುಲೈ 4ರಂದು ಟಿ20 ವಿಶ್ವಕಪ್ ಗೆದ್ದು ಬಂದ ತಂಡದ ಮೆರವಣಿಗೆ ನಡೆದಾಗ ಈ ರಸ್ತೆಯಲ್ಲಿ ನಿಲ್ಲಲು ಜಾಗ ಇರಲಿಲ್ಲ. ಅಕ್ಕ ಆವತ್ತು ಆಫೀಸಿನಿಂದ ಹೊರಗೆ ಬರಲಾಗದೆ ರಾತ್ರಿ ಅಲ್ಲೇ ಬಿಸ್ಕತ್ತು ತಿಂದಳಂತೆ. ಮುಂದೆ ಸಾಲಾಗಿ ಜಿಮಖಾನಾಗಳು: ಪಾರ್ಸಿ, ಇಸ್ಲಾಂ, ಹಿಂದೂ. ಒಂದು ಕಾಲದಲ್ಲಿ ಬೊಂಬಾಯಿಯಲ್ಲಿ ಧರ್ಮ, ಸಮುದಾಯದ ಲೆಕ್ಕದಲ್ಲೇ ಕ್ರಿಕೆಟ್ ತಂಡಗಳಿದ್ದವು, ಪೆಂಟ್ಯಾಂಗ್ಯುಲರ್ ಅನ್ನುವ ಐದು ತಂಡಗಳ ಟೂರ್ನಿ ಆಡುತ್ತಿದ್ದವು. ಟೂರ್ನಿ ನಿಂತಿತು, ಬೋರ್ಡುಗಳು ಉಳಿದಿವೆ. ಅಲ್ಲೇ ಪಕ್ಕದಲ್ಲಿ ಹೊಸ ಕರಾವಳಿ ರಸ್ತೆಯ ಸುರಂಗ ಕಾರುಗಳನ್ನು ನುಂಗುತ್ತ, ಉಗುಳುತ್ತ ಇರುತ್ತದೆ. 2024ರಿಂದ ಮಲಬಾರ್ ಹಿಲ್ ಅಡಿಯಿಂದಲೇ ವರ್ಲಿಗೆ ದಾರಿ. ಆ ಜಾಗದಲ್ಲಿ ಕೂತರೆ ಅಲೆಗಿಂತ ಇಂಜಿನ್ನೇ ಜಾಸ್ತಿ ಕೇಳಿಸುತ್ತದೆ.

ಚೌಪಾಟಿಯಲ್ಲಿ ಕೊನೆಗೂ ಮರಳು ಸಿಕ್ಕಿತು. ಮಳೆಗೆ ಹಿಟ್ಟಿನ ಹಾಗೆ ಕಲಸಿಹೋಗಿತ್ತು. ಲೋಕಮಾನ್ಯ ತಿಲಕರ ಪ್ರತಿಮೆ ಇದೆ. 1920ರ ಆಗಸ್ಟಿನಲ್ಲಿ ಅವರ ಅಂತ್ಯಕ್ರಿಯೆ ನಡೆದದ್ದು ಇದೇ ಮರಳಿನಲ್ಲಿ. ಭೇಲ್ ತಿಂದೆವು. ಮಳೆಗಾಲದಲ್ಲಿ ಭೇಲ್ ಕೈಗೆ ಬಂದ ಎರಡೇ ನಿಮಿಷಕ್ಕೆ ಮೆತ್ತಗಾಗುತ್ತದೆ. ಬಿಸಿ ಪಾವ್‌ಭಾಜಿ ತಿನ್ನುವುದು ವಾಸಿ.

ಅಲ್ಲಿಂದ ಟ್ಯಾಕ್ಸಿ ಹಿಡಿದು ಮಲಬಾರ್ ಹಿಲ್ಲಿನ ಕಮಲಾ ನೆಹರೂ ಪಾರ್ಕ್. ಮೇಲಿಂದ ಇಡೀ ಬಾಗು ಒಮ್ಮೆಲೇ ಕಾಣಬೇಕಿತ್ತು. ಮೋಡ ಕವಿದು ಏನೂ ಕಾಣಲಿಲ್ಲ. ಮಕ್ಕಳ ಆ ದೊಡ್ಡ ಬೂಟಿನಾಕಾರದ ಮನೆಯ ಕೆಳಗೆ ನಿಂತು ಇಪ್ಪತ್ತು ನಿಮಿಷ ಕಾದೆವು. ಮೋಡ ಒಂದು ಸಲ ಸರಿಯಿತು. ಕೊಲ್ಲಿ, ಬಿಳಿ ಅಂಚು, ಸಾಲು ಮನೆ, ತುದಿಯ ಗೋಪುರಗಳು. ಕ್ಯಾಮರಾ ತೆಗೆಯುವಷ್ಟರಲ್ಲಿ ಮುಚ್ಚಿತು.

ಇಳಿಯುತ್ತ ವಾಲ್ಕೇಶ್ವರದ ಬಾಣಗಂಗೆಗೆ ಹೋದೆವು. ಸಮುದ್ರ ಹತ್ತೇ ಮಾರು ದೂರ, ಆದರೆ ಈ ಕೆರೆಯ ನೀರು ಸಿಹಿ. ಬಾಣ ಹೊಡೆದು ಚಿಮ್ಮಿಸಿದ ಗಂಗೆ ಅಂತ ರಾಮಾಯಣದ ಕಥೆ. ಸುತ್ತ ಮೆಟ್ಟಿಲು, ಗುಡಿಗಳು, ಬಾತುಕೋಳಿಗಳು. ಈ ಜಾಗ ನೋಡಿಕೊಳ್ಳುವುದು ಗೌಡ ಸಾರಸ್ವತ ಬ್ರಾಹ್ಮಣರ ಟ್ರಸ್ಟ್. ಮೆಟ್ಟಿಲಲ್ಲಿ ಇಬ್ಬರು ಅಜ್ಜಿಯರು ಕೊಂಕಣಿಯಲ್ಲಿ ಬೆಂಡೆಕಾಯಿ ರೇಟಿನ ಬಗ್ಗೆ ಮಾತಾಡುತ್ತಿದ್ದರು. ಕಣ್ಣು ಮುಚ್ಚಿದರೆ ಬಸ್ರೂರಿನ ಪೇಟೆ.

ಮಧ್ಯಾಹ್ನದ ಗಾಡಿಗೆ ಅಕ್ಕ ಕುರ್ಲಾವರೆಗೆ ಬಂದು ಹತ್ತಿಸಿದಳು.

ಊರಿಗೆ ಬಂದ ಮೇಲೆ ಅಮ್ಮನಿಗೆ ಫೋಟೊ ತೋರಿಸಿದೆ. ಒಂದೊಂದೇ ಸರಿಸುತ್ತ ಹೋದಳು. ಕೊನೆಗೆ ಕನ್ನಡಕ ತೆಗೆದಳು.

"ಇದ್ರಗೆ ಕಡಲ್ ಎಲ್ಲಿತ್ತ್? ಬರೀ ಜನರ ಬೆನ್ನೇ ಇತ್ತಲೆ."

ಅಷ್ಟರಲ್ಲಿ ಆಚೆ ಮನೆಯ ಜಗಲಿಯಲ್ಲಿ ದೊಡ್ಡಮ್ಮನ ಫೋನು ಹೊಡೆಯಿತು. ಅವರು ಸ್ಪೀಕರ್ ಹಾಕಿಯೇ ಮಾತಾಡುವುದು. ಅಕ್ಕನ ದನಿಗಿಂತ ಮೊದಲು ಗಾಳಿಯ ಸದ್ದು ಬಂತು.

"ಫ್ಯಾನ್ ಬಂದ್ ಮಾಡೇ" ಅಂದರು ದೊಡ್ಡಮ್ಮ.

"ಆಯ್ತಮ್ಮ" ಅಂದಳು ಅಕ್ಕ.